ಆಡಬೇಕೋ ಬೇಡವೋ ಎಂದು ಪೆಟ್ಟು ತಿಂದವನನ್ನು ಕೇಳಬೇಡಿ

(ಅಮೆರಿಕದ ಕನ್ನಡ ಕೂಟವೊಂದರಲ್ಲಿ ಪೋಷಕರ ಮುಂದೆ ಮಾಡಿದ ಉಪನ್ಯಾಸ. ಬರಹಕ್ಕಿಳಿಸುವಾಗ ಅಲ್ಲಲ್ಲಿ ತಿದ್ದಿದ್ದೇನೆ. ಕೊನೆಯಲ್ಲಿ ಸಭಿಕರು ಕೇಳಿದ ಪ್ರಶ್ನೆಗಳಲ್ಲಿ ಕೆಲವನ್ನು ಉಳಿಸಿಕೊಂಡಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ಈ ಕಾರ್ಯಕ್ರಮಕ್ಕೆ ಮೊದಲೇ ಪ್ರಶ್ನೆಗಳನ್ನು ಬರೆದು ಕಳಿಸಿ ಎಂದು ಕೂಟದವರು ನಿಮಗೆ ಹೇಳಿದ್ದರು. ಬಂದದ್ದನ್ನೆಲ್ಲ ಓದಿದ್ದೇನೆ. ಕೇಳಿರುವ ರೀತಿ ಬೇರೆ ಬೇರೆ, ಒಳಗಿನ ಆತಂಕ ಒಂದೇ. ಮಗ ಮಿಡ್ಲ್ ಸ್ಕೂಲಿಗೆ ಬಂದಿದ್ದಾನೆ, ಗೆಳೆಯರೆಲ್ಲ ಫುಟ್‌ಬಾಲ್ ತಂಡಕ್ಕೆ ಸೇರಿದ್ದಾರೆ, ತಾನೂ ಸೇರುತ್ತೇನೆ ಅಂತ ಹಟ ಹಿಡಿದಿದ್ದಾನೆ. ಕಳಿಸಬಹುದೇ? ನನ್ನ ಉತ್ತರವನ್ನು ಮುಚ್ಚಿಟ್ಟುಕೊಂಡು ನಿಮ್ಮನ್ನು ಕಾಯಿಸುವುದಿಲ್ಲ. ಹದಿನಾಲ್ಕು ವರ್ಷ ತುಂಬುವವರೆಗೆ ಟ್ಯಾಕ್ಲ್ ಫುಟ್‌ಬಾಲ್ ಬೇಡ. ಆಮೇಲೆ ಆಡುವುದಾದರೆ ಕೋಚ್ ಎಂಥವರು, ಪ್ರಾಕ್ಟೀಸ್ ಹೇಗೆ ಮಾಡಿಸುತ್ತಾರೆ, ಪೆಟ್ಟು ಬಿದ್ದಾಗ ಹುಡುಗನನ್ನು ಹೊರಗೆ ಕೂರಿಸುವ ಅಧಿಕಾರ ಯಾರ ಕೈಯಲ್ಲಿದೆ ಎಂಬುದನ್ನು ನೋಡಿ ಕಳಿಸಿ. ಯಾಕೆ ಹೀಗೆ ಹೇಳುತ್ತೇನೆ ಎನ್ನುವುದೇ ಇವತ್ತಿನ ಮಾತು.

ನಾನು ನರರೋಗ ವೈದ್ಯ. ಶರತ್ಕಾಲದ ಶುಕ್ರವಾರ ಸಂಜೆಗಳಲ್ಲಿ ನಮ್ಮೂರಿನ ಹೈಸ್ಕೂಲ್ ತಂಡದ ಜೊತೆ ಸೈಡ್‌ಲೈನಿನಲ್ಲಿ ನಿಲ್ಲುತ್ತೇನೆ. ಈ ಆಟ ನನಗೆ ಇಷ್ಟ. ಬ್ಯಾಂಡಿನವರ ಸದ್ದು, ಸ್ಟ್ಯಾಂಡಿನಲ್ಲಿ ಇಡೀ ಊರು, ಮೈದಾನದ ಮಧ್ಯೆ ಒಬ್ಬರ ಮೇಲೊಬ್ಬರು ಬಿದ್ದೆದ್ದು ನಗುವ ಹುಡುಗರು, ಇದೆಲ್ಲ ಮಕ್ಕಳಿಗೆ ಏನು ಕೊಡುತ್ತದೆ ಎಂದು ಹತ್ತಿರದಿಂದ ಕಂಡಿದ್ದೇನೆ. ದೇಶದ ಹೈಸ್ಕೂಲುಗಳಲ್ಲಿ ಸುಮಾರು 10 ಲಕ್ಷ ಹುಡುಗರು ಇದನ್ನು ಆಡುತ್ತಾರೆ. ಊರಿನಲ್ಲಿ ಕುಳಿತು ಓದುವವರಿಗಾಗಿ ಒಂದು ಮಾತು: ಇದು ಕಾಲ್ಚೆಂಡಾಟವಲ್ಲ. ಚೆಂಡನ್ನು ಎದೆಗವಚಿಕೊಂಡು ನುಗ್ಗುವವನನ್ನು ಎದುರಾಳಿ ಅಡ್ಡಹಾಕಿ, ಮೈಮೇಲೆರಗಿ ನೆಲಕ್ಕೆ ಕೆಡಹಬೇಕು. ಅದೇ ಟ್ಯಾಕ್ಲ್. ಬೇರೆ ಹೆಚ್ಚಿನ ಆಟಗಳಲ್ಲಿ ಡಿಕ್ಕಿ ಆಕಸ್ಮಿಕ. ಇಲ್ಲಿ ಡಿಕ್ಕಿ ಹೊಡೆಯುವುದೇ ಹುಡುಗನ ಕೆಲಸ.

2006ರ ಅಕ್ಟೋಬರ್‌ನಲ್ಲಿ ವಾಷಿಂಗ್ಟನ್ ರಾಜ್ಯದ ಮೇಪಲ್ ವ್ಯಾಲಿ ಎಂಬಲ್ಲಿ ನಡೆದದ್ದನ್ನು ಈ ದೇಶದ ಪ್ರತಿಯೊಬ್ಬ ಪೋಷಕರೂ ತಿಳಿದಿರಬೇಕು. ಝ್ಯಾಕರಿ ಲಿಸ್ಟೆಟ್ ಎಂಬ ಹದಿಮೂರರ ಹುಡುಗ ಶಾಲೆಯ ಪಂದ್ಯ ಆಡುತ್ತಿದ್ದ. ಮೊದಲಾರ್ಧ ಮುಗಿಯುವ ಹೊತ್ತಿಗೆ ಒಬ್ಬನನ್ನು ಕೆಡಹುವಾಗ ಅವನ ತಲೆ ನೆಲಕ್ಕೆ ಬಡಿಯಿತು. ಎರಡೂ ಕೈಯಲ್ಲಿ ಹೆಲ್ಮೆಟ್ ಹಿಡಿದುಕೊಂಡು ಮಲಗಿಯೇ ಇದ್ದ. ಎಬ್ಬಿಸಿ ಹೊರಗೆ ಕೂರಿಸಿದರು. ದ್ವಿತೀಯಾರ್ಧಕ್ಕೆ ಮತ್ತೆ ಇಳಿದ. ಚೆನ್ನಾಗಿಯೇ ಆಡಿದ. ಆಟ ಮುಗಿದ ಮೇಲೆ ಮೈದಾನದಲ್ಲೇ ಕುಸಿದು ಬಿದ್ದ. ಹೆಲಿಕಾಪ್ಟರಿನಲ್ಲಿ ಸಿಯಾಟಲ್‌ನ ಹಾರ್ಬರ್‌ವ್ಯೂ ಆಸ್ಪತ್ರೆಗೆ ಸಾಗಿಸಿದರು. ಮಿದುಳು ಊದಿಕೊಂಡು ಒತ್ತಡ ಏರುತ್ತಿದ್ದುದರಿಂದ ತಲೆಬುರುಡೆಯ ಎರಡೂ ಬದಿಯ ಮೂಳೆ ತೆಗೆಯಬೇಕಾಯಿತು. ಹುಡುಗ ಬದುಕಿದ. ಆದರೆ ಮೊದಲ ಮಾತಾಡಲು ಒಂಬತ್ತು ತಿಂಗಳು ಬೇಕಾಯಿತು. ಕೈಕಾಲು ಆಡಿಸಲು ಅದಕ್ಕಿಂತಲೂ ಹೆಚ್ಚು.

ಅಲ್ಲಿ ಯಾರೂ ಕೆಟ್ಟವರಿರಲಿಲ್ಲ. ಆ ದಿನ ಆ ಮೈದಾನದಲ್ಲಿ ನಡೆದದ್ದು ಅಂದು ದೇಶದ ಎಲ್ಲ ಮೈದಾನಗಳಲ್ಲೂ ನಡೆಯುತ್ತಿದ್ದ ಪದ್ಧತಿ: ಪೆಟ್ಟು ಬಿತ್ತು, ಸ್ವಲ್ಪ ಹೊತ್ತು ಕೂತ, ‘ಆಡ್ತೀನಿ’ ಅಂದ, ಕಳಿಸಿದರು. ನನ್ನ ತಕರಾರು ಇರುವುದು ಆ ಪದ್ಧತಿಯ ಮೇಲೆ. ಪೆಟ್ಟು ಬಿದ್ದಿರುವುದು ಮಿದುಳಿಗೆ. ತನಗೆ ಏನಾಗಿದೆ ಎಂದು ತೂಗಿ ನೋಡಬೇಕಾದದ್ದೂ ಅದೇ ಮಿದುಳು. ಅದನ್ನೇ ಸಾಕ್ಷಿಗೆ ಕರೆದು, ಅದು ಹೇಳಿದ್ದನ್ನೇ ನಂಬಿ ಮಗುವನ್ನು ಮತ್ತೆ ಡಿಕ್ಕಿಯ ಮಧ್ಯಕ್ಕೆ ಕಳಿಸುತ್ತಿದ್ದೆವು.

ಒಳಗೆ ಆಗುವುದೇನು ಎಂದು ಸ್ವಲ್ಪ ನೋಡೋಣ. ಮಿದುಳು ಮೃದು, ಅದರ ತೂಕ ಸುಮಾರು 1.4 ಕಿಲೋ. ತಲೆಬುರುಡೆಯೊಳಗೆ ತೆಳುವಾದ ದ್ರವದಲ್ಲಿ ತೇಲುತ್ತಿರುತ್ತದೆ. ತಲೆ ರಭಸದಿಂದ ಚಲಿಸಿ ಥಟ್ಟನೆ ನಿಂತಾಗ, ಅದಕ್ಕಿಂತ ಹೆಚ್ಚಾಗಿ ತಲೆ ಗಿರ್ರನೆ ತಿರುಗಿದಾಗ, ಮಿದುಳಿನ ಒಂದು ಪದರ ಇನ್ನೊಂದರ ಮೇಲೆ ಎಳೆದಂತಾಗಿ ನರತಂತುಗಳು ಜಗ್ಗುತ್ತವೆ. ಜೀವಕೋಶದ ಒಳಗಿನ ಪೊಟ್ಯಾಸಿಯಂ ಹೊರಗೆ ಸೋರುತ್ತದೆ, ಹೊರಗಿನ ಕ್ಯಾಲ್ಸಿಯಂ ಒಳಗೆ ನುಗ್ಗುತ್ತದೆ. ಈ ಏರುಪೇರನ್ನು ಸರಿಪಡಿಸಲು ಕೋಶಕ್ಕೆ ವಿಪರೀತ ಶಕ್ತಿ ಬೇಕು. ಅದೇ ಹೊತ್ತಿಗೆ ಮಿದುಳಿಗೆ ಬರುವ ರಕ್ತ ಮಾತ್ರ ಕಡಿಮೆಯಾಗಿರುತ್ತದೆ. ಬೇಡಿಕೆ ಹೆಚ್ಚು, ಪೂರೈಕೆ ಕಡಿಮೆ. ಹೀಗೆ ಸೊರಗಿರುವ ಮಿದುಳಿನ ಸ್ಥಿತಿಯೇ ಕನ್ಕಷನ್. ಮೂಳೆ ಮುರಿದಿಲ್ಲ, ರಕ್ತ ಸೋರಿಲ್ಲ, ಆದ್ದರಿಂದ ಸಿ.ಟಿ. ಸ್ಕ್ಯಾನಿನಲ್ಲಿ ಏನೂ ಕಾಣುವುದಿಲ್ಲ. ‘ಸ್ಕ್ಯಾನ್ ನಾರ್ಮಲ್ ಬಂತು, ಏನೂ ಇಲ್ಲವಂತೆ’ ಎಂದು ನೆಮ್ಮದಿಯಿಂದ ಮನೆಗೆ ಹೋಗುವ ತಂದೆ ತಾಯಂದಿರಿಗೆ ನಾನು ಮತ್ತೆ ಮತ್ತೆ ಹೇಳುವುದಿದು: ಸ್ಕ್ಯಾನ್ ಮಾಡಿಸುವುದು ರಕ್ತಸ್ರಾವ ಆಗಿಲ್ಲ ಎಂದು ಖಾತ್ರಿ ಮಾಡಿಕೊಳ್ಳಲು. ಅದು ಕನ್ಕಷನ್ನಿನ ಪರೀಕ್ಷೆ ಅಲ್ಲ. ಇನ್ನೊಂದು ತಪ್ಪು ನಂಬಿಕೆ, ಎಚ್ಚರ ತಪ್ಪಿದರೆ ಮಾತ್ರ ಗಂಭೀರ ಎನ್ನುವುದು. ಕನ್ಕಷನ್ ಆದವರಲ್ಲಿ ಎಚ್ಚರ ತಪ್ಪುವವರು ನೂರಕ್ಕೆ ಹತ್ತರಷ್ಟೂ ಇಲ್ಲ.

ಹೆಲ್ಮೆಟ್ ಇದೆಯಲ್ಲ ಎನ್ನುತ್ತೀರಿ. ನಮ್ಮಲ್ಲಿ ಅನೇಕರು ಬೆಂಗಳೂರಿನಲ್ಲಿ ಸ್ಕೂಟರ್ ಓಡಿಸಿ ಬೆಳೆದವರು, ಹೆಲ್ಮೆಟ್ ಜೀವ ಉಳಿಸುತ್ತದೆ ಎಂದು ನಿಮ್ಹಾನ್ಸ್‌ನ ವೈದ್ಯರು ಎಷ್ಟು ಹೇಳಿಲ್ಲ! ಅದು ನಿಜ, ಇಲ್ಲೂ ನಿಜ. ಫುಟ್‌ಬಾಲ್ ಹೆಲ್ಮೆಟ್ ತಲೆಬುರುಡೆ ಬಿರಿಯದಂತೆ ತಡೆಯುತ್ತದೆ. ಆದರೆ ಬಸ್ಸಿನಲ್ಲಿ ನಿಂತಿದ್ದೀರಿ, ಡ್ರೈವರ್ ಜೋರಾಗಿ ಬ್ರೇಕ್ ಹಾಕಿದ ಎಂದುಕೊಳ್ಳಿ. ಬಸ್ಸಿನ ಹೊರಗಿನ ತಗಡು ಎಷ್ಟೇ ಗಟ್ಟಿಯಿರಲಿ, ಒಳಗೆ ನಿಂತವರು ಮುಗ್ಗರಿಸುವುದು ತಪ್ಪುವುದಿಲ್ಲ. ವರ್ಜೀನಿಯಾ ಟೆಕ್ ವಿಶ್ವವಿದ್ಯಾಲಯದವರು 2011ರಿಂದ ಹೆಲ್ಮೆಟ್‌ಗಳನ್ನು ಪರೀಕ್ಷಿಸಿ ನಕ್ಷತ್ರ ಕೊಡುತ್ತಾರೆ. ಒಳ್ಳೆಯ ದರ್ಜೆಯದ್ದನ್ನೇ ಕೊಡಿಸಿ, ಅಳತೆ ಸರಿಯಿದೆಯೇ ನೋಡಿ. ಆದರೆ ಕನ್ಕಷನ್ ಆಗದಂತೆ ಮಾಡುವ ಹೆಲ್ಮೆಟ್ ಇದು ಎಂದು ಯಾರಾದರೂ ಮಾರಲು ಬಂದರೆ ನಂಬಬೇಡಿ.

ಸೈಡ್‌ಲೈನಿನಲ್ಲಿ ಇದನ್ನು ಹೇಗೆ ಪತ್ತೆ ಹಚ್ಚುತ್ತೇವೆ ಎಂದು ಒಂದು ಉದಾಹರಣೆ ಹೇಳುತ್ತೇನೆ. ಹುಡುಗನ ಗುರುತು ಸಿಗದ ಹಾಗೆ ವಿವರ ಬದಲಿಸಿದ್ದೇನೆ. ಮೂರನೇ ಕ್ವಾರ್ಟರಿನಲ್ಲಿ ಒಬ್ಬ ಟ್ಯಾಕ್ಲ್ ಮಾಡಿ ಎದ್ದ. ನೋಡಿದವರಿಗೆ ಎಲ್ಲ ಸರಿಯಾಗಿಯೇ ಇತ್ತು. ನಮ್ಮ ಅಥ್ಲೆಟಿಕ್ ಟ್ರೇನರ್ (ಆಟಗಾರರ ಗಾಯಗಳನ್ನು ನೋಡಿಕೊಳ್ಳುವ ಆರೋಗ್ಯ ಸಿಬ್ಬಂದಿ) ಮಾತ್ರ ‘ಅವನು ಗಲ್ಲದ ಪಟ್ಟಿಯನ್ನು ಬಿಚ್ಚುತ್ತಾನೆ, ಹಾಕುತ್ತಾನೆ, ಬಿಚ್ಚುತ್ತಾನೆ’ ಎಂದರು. ಕರೆಸಿದೆವು. ‘ನನಗೇನೂ ಆಗಿಲ್ಲ’ ಎನ್ನುತ್ತಲೇ ಬಂದ. ಈಗ ಎಷ್ಟನೇ ಕ್ವಾರ್ಟರ್ ಎಂದು ಕೇಳಿದೆ, ಹೇಳಿದ. ಕೊನೆಯ ಟಚ್‌ಡೌನ್ ಯಾರದು ಎಂದೆ, ಹೇಳಿದ. ಹೋದ ವಾರ ಯಾರ ವಿರುದ್ಧ ಆಡಿದಿರಿ ಎಂದೆ. ಪಕ್ಕದಲ್ಲಿದ್ದ ಗೆಳೆಯನ ಮುಖ ನೋಡಿದ, ಆ ಗೆಳೆಯ ತುಟಿಯಲ್ಲೇ ಉತ್ತರ ಹೇಳಿಕೊಟ್ಟ. ಗೆಳೆಯನನ್ನು ದೂರ ಕಳಿಸಿ ಐದು ಪದ ಹೇಳಿದೆ, ವಾಪಸ್ ಮೂರು ಬಂದವು. ಒಂದು ಪಾದದ ಹಿಂದೆ ಇನ್ನೊಂದು ಪಾದ ಇಟ್ಟು, ಸೊಂಟದ ಮೇಲೆ ಕೈಯಿಟ್ಟು, ಕಣ್ಣು ಮುಚ್ಚಿ ಇಪ್ಪತ್ತು ಸೆಕೆಂಡ್ ನಿಲ್ಲು ಎಂದಾಗ ವಾಲಿ ಟ್ರೇನರ್ ಭುಜ ಹಿಡಿದುಕೊಂಡ. ಅಷ್ಟರಲ್ಲಿ ಟ್ರೇನರ್ ಅವನ ಹೆಲ್ಮೆಟ್ ಎತ್ತಿ ನೀರಿನ ಕೂಲರ್ ಹಿಂದೆ ಇಟ್ಟಾಗಿತ್ತು. ಇದು ಎಲ್ಲ ಅನುಭವಿ ಟ್ರೇನರ್‌ಗಳೂ ಮಾಡುವ ಕೆಲಸ. ಹೆಲ್ಮೆಟ್ ಕೈಗೆ ಸಿಕ್ಕರೆ ಹುಡುಗ ಯಾರಿಗೂ ಹೇಳದೆ ಮುಂದಿನ ಆಟಕ್ಕೆ ಓಡಿಬಿಡುತ್ತಾನೆ. ಅವನು ಅತ್ತ, ಬೇಡಿಕೊಂಡ, ಸಿಟ್ಟಾದ. ಹತ್ತು ನಿಮಿಷ ಕಳೆದ ಮೇಲೆ ಸ್ಕೋರ್ ಎಷ್ಟು ಎಂದು ಕೇಳಿದ. ಹೇಳಿದೆವು. ಸ್ವಲ್ಪ ಹೊತ್ತಿಗೆ ಅದೇ ಪ್ರಶ್ನೆಯನ್ನು ಹೊಸದಾಗಿ ಕೇಳಿದ.

ಹುಡುಗರು ಮುಚ್ಚಿಡುವುದು ಹೊಸ ವಿಷಯವಲ್ಲ. 2004ರಲ್ಲಿ ಮೈಕಲ್ ಮಕ್ರೇ ಮತ್ತು ಸಂಗಡಿಗರು ಮಿಲ್ವಾಕಿ ಪ್ರದೇಶದ 1,532 ಹೈಸ್ಕೂಲ್ ಫುಟ್‌ಬಾಲ್ ಆಟಗಾರರನ್ನು ಸೀಸನ್ ಮುಗಿದ ಮೇಲೆ ಗುಟ್ಟಾಗಿ ವಿಚಾರಿಸಿದ ಅಧ್ಯಯನ ಪ್ರಕಟವಾಯಿತು. ಕನ್ಕಷನ್ ಆದವರಲ್ಲಿ ಅರ್ಧಕ್ಕಿಂತ ಹೆಚ್ಚು ಮಂದಿ ಯಾರಿಗೂ ಹೇಳಿರಲಿಲ್ಲ. ಯಾಕೆ ಎಂದರೆ, ಬಹುಪಾಲು ಹುಡುಗರು ಕೊಟ್ಟ ಕಾರಣ ‘ಅಷ್ಟೇನೂ ದೊಡ್ಡ ಪೆಟ್ಟು ಅನ್ನಿಸಲಿಲ್ಲ’. ಆಮೇಲೆ ‘ಆಟದಿಂದ ಹೊರಗೆ ಹೋಗಲು ಮನಸ್ಸಿರಲಿಲ್ಲ’. ಎರಡನೆಯದು ನಮಗೆ ಸುಲಭವಾಗಿ ಅರ್ಥವಾಗುತ್ತದೆ. ನನ್ನನ್ನು ಹೆಚ್ಚು ಕಾಡುವುದು ಮೊದಲನೆಯದು. ಆ ಮಕ್ಕಳು ಸುಳ್ಳು ಹೇಳುತ್ತಿರಲಿಲ್ಲ. ಅವರಿಗೆ ನಿಜವಾಗಿಯೂ ದೊಡ್ಡದು ಅನ್ನಿಸಿರಲಿಲ್ಲ.

ನಮ್ಮ ಮನೆಗಳ ಬಗ್ಗೆಯೂ ಒಂದು ಮಾತು ಹೇಳಲೇಬೇಕು. ‘ಅಷ್ಟಕ್ಕೆಲ್ಲ ಅಳ್ತಾರಾ, ಗಂಡು ಹುಡುಗ’ ಎಂದು ಕೇಳಿಸಿಕೊಂಡು ಬೆಳೆದವರು ನಾವು, ನಮ್ಮ ಬಾಯಲ್ಲೂ ಅದು ಬರುತ್ತದೆ. ಜೊತೆಗೆ ನಮ್ಮ ಹುಡುಗರಿಗೆ ಇನ್ನೊಂದು ಭಾರವಿದೆ. ತಂಡದಲ್ಲಿ ತನ್ನಂತೆ ಕಾಣುವವನು ಬಹುಶಃ ತಾನೊಬ್ಬನೇ, ತಾನು ಮೆತ್ತನೆಯವನಲ್ಲ ಎಂದು ದಿನಾ ತೋರಿಸಬೇಕು ಎನ್ನುವ ಭಾರ. ಅಂಥವನು ತಲೆನೋವು ಎಂದು ತಾನಾಗಿ ಬಂದು ಹೇಳುತ್ತಾನೆ ಎಂದು ಕಾಯಬೇಡಿ.

ಹೇಳದೆ ಆಡುತ್ತಲೇ ಹೋದರೆ ಏನಾಗುತ್ತದೆ? ಲಿಸ್ಟೆಟ್‌ಗೆ ಆದಂಥದ್ದು ಅಪರೂಪ. ಮೊದಲ ಪೆಟ್ಟಿನಿಂದ ಚೇತರಿಸಿಕೊಳ್ಳುವ ಮುನ್ನ ಎರಡನೆಯದು ಬಿದ್ದು ಮಿದುಳು ಊದಿಕೊಳ್ಳುವ ಪ್ರಸಂಗಗಳು ಹೆಚ್ಚಾಗಿ ವರದಿಯಾಗಿರುವುದು ಹದಿಹರೆಯದವರಲ್ಲಿ. ಎಲ್ಲರಿಗೂ ಹಾಗಾಗುವುದಿಲ್ಲ. ಆದರೆ ದಿನನಿತ್ಯ ನಾವು ಕಾಣುವ ನಷ್ಟವೊಂದಿದೆ. 2016ರಲ್ಲಿ ಪೀಡಿಯಾಟ್ರಿಕ್ಸ್ ಪತ್ರಿಕೆಯಲ್ಲಿ ಬಂದ ಅಧ್ಯಯನವೊಂದರಲ್ಲಿ, ಪೆಟ್ಟು ಬಿದ್ದ ತಕ್ಷಣ ಆಟ ಬಿಟ್ಟ ಹದಿಹರೆಯದ ಕ್ರೀಡಾಪಟುಗಳು ಸರಾಸರಿ 22 ದಿನಕ್ಕೆ ಚೇತರಿಸಿಕೊಂಡಿದ್ದರು. ಆಟ ಮುಂದುವರಿಸಿದವರಿಗೆ 44 ದಿನ ಹಿಡಿದಿತ್ತು. ಮಗನಿಗೆ ಇದನ್ನೇ ಹೇಳಿ. ‘ನಿನ್ನ ಭವಿಷ್ಯ’ ಎಂದರೆ ಹದಿನೈದರ ಹುಡುಗ ಕಿವಿಗೊಡುವುದಿಲ್ಲ. ‘ಈಗ ಹದಿನೈದು ನಿಮಿಷ ಆಡಲು ಹೋದರೆ ಆಮೇಲೆ ಮೂರು ವಾರ ಹೆಚ್ಚು ಹೊರಗಿರಬೇಕಾಗುತ್ತದೆ’ ಎಂದರೆ ಅವನಿಗೆ ಲೆಕ್ಕ ಅರ್ಥವಾಗುತ್ತದೆ.

ಲಿಸ್ಟೆಟ್ ಕುಟುಂಬ ಸುಮ್ಮನೆ ಕೂರಲಿಲ್ಲ. 2009ರ ಮೇ ತಿಂಗಳಲ್ಲಿ ವಾಷಿಂಗ್ಟನ್ ರಾಜ್ಯದಲ್ಲಿ ಆ ಹುಡುಗನ ಹೆಸರಿನ ಕಾನೂನು ಬಂತು. 2014ರ ಹೊತ್ತಿಗೆ ಐವತ್ತೂ ರಾಜ್ಯಗಳಲ್ಲಿ ಅಂಥದ್ದೇ ಕಾನೂನುಗಳಾದವು. ಅದರ ತಿರುಳು ಸರಳ. ಕನ್ಕಷನ್ ಆಗಿರಬಹುದು ಎಂಬ ಅನುಮಾನ ಬಂದರೂ ಸಾಕು, ಹುಡುಗ ಆಟದಿಂದ ಹೊರಗೆ. ಪರವಾನಗಿ ಇರುವ ಆರೋಗ್ಯ ಸಿಬ್ಬಂದಿ ಬರೆದು ಕೊಡುವವರೆಗೆ ಒಳಗೆ ಬರುವಂತಿಲ್ಲ. ಪೋಷಕರು ಮತ್ತು ಆಟಗಾರ ಪ್ರತಿವರ್ಷ ಮಾಹಿತಿಪತ್ರ ಓದಿ ಸಹಿ ಹಾಕಬೇಕು. ಸೀಸನ್ ಶುರುವಾಗುವ ಮೊದಲು ಬರುವ ಹತ್ತಾರು ಫಾರಂಗಳ ಜೊತೆ ನೀವು ಓದದೆ ಸಹಿ ಹಾಕುವುದು ಅದಕ್ಕೇ. ದಯವಿಟ್ಟು ಈ ಸಲ ಓದಿ. ಆ ಕಾಗದ ಬರಲು ಒಂದು ಮಗುವಿನ ಬಾಳು ಬೆಲೆಯಾಗಿ ಹೋಗಿದೆ.

ಕಾನೂನು ಕಾಗದದಲ್ಲಿದೆ, ಮೈದಾನದಲ್ಲಿ ಅನುಮಾನ ಪಡುವ ಕಣ್ಣು ಬೇಕು. ಎಷ್ಟೋ ಹೈಸ್ಕೂಲುಗಳಲ್ಲಿ ಇಂದಿಗೂ ಅಥ್ಲೆಟಿಕ್ ಟ್ರೇನರ್ ಇಲ್ಲ. ಅಂಥ ಕಡೆ ತೀರ್ಮಾನ ಕೋಚ್ ಮೇಲೆ ಬೀಳುತ್ತದೆ. ಗೆಲ್ಲಿಸುವ ಹೊಣೆ ಹೊತ್ತವರನ್ನೇ, ಒಳ್ಳೆಯ ಆಟಗಾರನನ್ನು ಹೊರಗಿಡು ಎಂದು ಕೇಳುವುದು ಅವರಿಗೂ ಅನ್ಯಾಯ. ತಂಡಕ್ಕೆ ಸೇರಿಸುವ ಮುನ್ನ ನೀವು ಕೇಳಬೇಕಾದ ಮೊದಲ ಪ್ರಶ್ನೆ ಇದು: ಪಂದ್ಯದ ದಿನವಷ್ಟೇ ಅಲ್ಲ, ಪ್ರಾಕ್ಟೀಸಿನ ದಿನವೂ ಟ್ರೇನರ್ ಮೈದಾನದಲ್ಲಿ ಇರುತ್ತಾರಾ?

ಪ್ರಾಕ್ಟೀಸ್ ಎಂದು ಒತ್ತಿ ಹೇಳಲು ಕಾರಣವಿದೆ. ಇಲ್ಲಿಯವರೆಗೆ ಹೇಳಿದ್ದು ಒಂದು ದೊಡ್ಡ ಪೆಟ್ಟಿನ ಕಥೆ. ಸಣ್ಣ ಪೆಟ್ಟುಗಳ ಕಥೆ ಬೇರೆಯೇ ಇದೆ. ಇಂಡಿಯಾನಾದ ಪರ್ಡ್ಯೂ ವಿಶ್ವವಿದ್ಯಾಲಯದವರು ಲಫಾಯೆಟ್‌ನ ಹೈಸ್ಕೂಲ್ ತಂಡವೊಂದರ ಹೆಲ್ಮೆಟ್‌ಗಳಲ್ಲಿ ಸೆನ್ಸರ್ ಇಟ್ಟು, ಸೀಸನ್ನಿಗೆ ಮೊದಲು ಮತ್ತು ಸೀಸನ್ ನಡುವೆ ಹುಡುಗರ ಮಿದುಳಿನ ಎಂ.ಆರ್.ಐ. ಮಾಡಿದರು. ಕನ್ಕಷನ್ ಆದವರನ್ನು ಆಗದವರ ಜೊತೆ ಹೋಲಿಸುವುದು ಅವರ ಯೋಜನೆಯಾಗಿತ್ತು. ಆದರೆ ಏನೂ ಆಗಿಲ್ಲ ಎಂದುಕೊಂಡು ಹೋಲಿಕೆಗೆ ಇಟ್ಟ ಹುಡುಗರಲ್ಲೇ ಕೆಲವರ ನೆನಪಿನ ಪರೀಕ್ಷೆಯ ಅಂಕ ಇಳಿದಿತ್ತು, ಸ್ಕ್ಯಾನಿನಲ್ಲಿ ಮಿದುಳು ಕೆಲಸ ಮಾಡುವ ರೀತಿಯೂ ಬದಲಾಗಿತ್ತು. 2010ರಲ್ಲಿ ಇದನ್ನು ಪ್ರಕಟಿಸಿದರು. ಸಣ್ಣ ಅಧ್ಯಯನ, ಒಂದೇ ಶಾಲೆ. ಆದರೂ ಆಮೇಲೆ ಯಾರೂ ಕನ್ಕಷನ್ ಮಾತ್ರ ಎಣಿಸಿ ಸುಮ್ಮನಾಗುವಂತಿರಲಿಲ್ಲ.

ವರ್ಜೀನಿಯಾ ಟೆಕ್‌ನ ಸ್ಟೆಫನ್ ಡೂಮಾ ತಂಡ ಇನ್ನೂ ಚಿಕ್ಕವರತ್ತ ಹೋಯಿತು. ಏಳೆಂಟು ವರ್ಷದ ಏಳು ಹುಡುಗರ ಹೆಲ್ಮೆಟ್‌ಗಳಲ್ಲಿ ಸೆನ್ಸರ್ ಇಟ್ಟರು. ಒಂದು ಸೀಸನ್ನಿನಲ್ಲಿ ಒಬ್ಬೊಬ್ಬನ ತಲೆಗೆ ಸರಾಸರಿ 107 ಪೆಟ್ಟು. ಅಷ್ಟು ಪುಟ್ಟ ಮಕ್ಕಳು ಎಷ್ಟು ಜೋರಾಗಿ ಗುದ್ದಿಕೊಂಡಾರು ಎಂದುಕೊಂಡಿದ್ದರೆ, ಕೆಲವು ಪೆಟ್ಟುಗಳು 80 ಜಿ, ಅಂದರೆ ಗುರುತ್ವದ ವೇಗೋತ್ಕರ್ಷದ 80 ಪಟ್ಟು, ದಾಟಿದ್ದವು. ಅದು ಕಾಲೇಜು ಆಟಗಾರರ ದೊಡ್ಡ ಡಿಕ್ಕಿಗಳ ಮಟ್ಟ. ಏಳು ವರ್ಷದ ಮಗುವಿನ ಕುತ್ತಿಗೆ ಸಣ್ಣ, ತಲೆ ದೇಹಕ್ಕೆ ಹೋಲಿಸಿದರೆ ದೊಡ್ಡದು, ಮೇಲೆ ಹೆಲ್ಮೆಟ್ಟಿನ ಭಾರ. ಗಮನಿಸಬೇಕಾದ್ದು ಇನ್ನೊಂದಿದೆ. ಜೋರಾದ ಪೆಟ್ಟುಗಳಲ್ಲಿ ಹೆಚ್ಚಿನವು ಬಿದ್ದದ್ದು ಪಂದ್ಯದಲ್ಲಲ್ಲ, ಪ್ರಾಕ್ಟೀಸಿನಲ್ಲಿ. 2021ರಲ್ಲಿ ಕಾಲೇಜು ಆಟಗಾರರ ದೊಡ್ಡ ಅಧ್ಯಯನವೂ ಇದನ್ನೇ ಹೇಳಿತು. 658 ಆಟಗಾರರು, ಐದು ಲಕ್ಷಕ್ಕೂ ಹೆಚ್ಚು ಪೆಟ್ಟುಗಳ ದಾಖಲೆ, ಕನ್ಕಷನ್‌ಗಳಲ್ಲಿ ಶೇಕಡ 72 ಆಗಿದ್ದು ಪ್ರಾಕ್ಟೀಸಿನಲ್ಲಿ.

ಇದು ನನಗೆ ಭರವಸೆ ಕೊಡುವ ಸಂಗತಿ. ಪಂದ್ಯವನ್ನು ಬದಲಿಸುವುದು ಕಷ್ಟ. ಪ್ರಾಕ್ಟೀಸನ್ನು ಕೋಚ್ ನಾಳೆ ಬೆಳಿಗ್ಗೆಯೇ ಬದಲಿಸಬಹುದು. 2010ರಲ್ಲಿ ಡಾರ್ಟ್‌ಮತ್ ಕಾಲೇಜಿನ ಕೋಚ್ ಬಡ್ಡಿ ಟೀವನ್ಸ್, ಪ್ರಾಕ್ಟೀಸಿನಲ್ಲಿ ತಮ್ಮದೇ ತಂಡದ ಹುಡುಗರನ್ನು ಟ್ಯಾಕ್ಲ್ ಮಾಡುವುದನ್ನು ಪೂರ್ತಿ ನಿಲ್ಲಿಸಿದರು. ಮೆತ್ತೆಗಳ ಮೇಲೆ, ಆಮೇಲೆ ಅಲ್ಲಿಯ ಎಂಜಿನಿಯರಿಂಗ್ ವಿಭಾಗ ತಯಾರಿಸಿದ, ರಿಮೋಟಿನಿಂದ ಓಡುವ ಬೊಂಬೆಗಳ ಮೇಲೆ ಕಲಿಸಿದರು. ಹುಡುಗರು ಟ್ಯಾಕ್ಲ್ ಮಾಡುವುದನ್ನೇ ಮರೆಯುತ್ತಾರೆ ಎಂದು ಹೇಳಿದವರಿದ್ದರು. 2015ರಲ್ಲಿ ಡಾರ್ಟ್‌ಮತ್, ಎಂಟು ವಿದ್ಯಾಸಂಸ್ಥೆಗಳ ಕೂಟವಾದ ಐವಿ ಲೀಗಿನ ಪ್ರಶಸ್ತಿ ಹಂಚಿಕೊಂಡಿತು. ಮರುವರ್ಷ ಐವಿ ಲೀಗಿನ ಎಂಟೂ ಕೋಚ್‌ಗಳು ಸೀಸನ್ ನಡುವೆ ಪ್ರಾಕ್ಟೀಸಿನಲ್ಲಿ ಪೂರ್ತಿ ಟ್ಯಾಕ್ಲಿಂಗ್ ಬೇಡ ಎಂದು ಒಮ್ಮತಕ್ಕೆ ಬಂದರು. ವಿಸ್ಕಾನ್ಸಿನ್ ರಾಜ್ಯ 2014ರಲ್ಲಿ ಹೈಸ್ಕೂಲ್ ಪ್ರಾಕ್ಟೀಸಿನಲ್ಲಿ ಪೂರ್ತಿ ಡಿಕ್ಕಿಯ ಆಟಕ್ಕೆ ಮಿತಿ ಹಾಕಿತು. ಮೊದಲ ವಾರ ಸೊನ್ನೆ, ಎರಡನೇ ವಾರ 75 ನಿಮಿಷ, ಆಮೇಲೆ ವಾರಕ್ಕೆ 60 ನಿಮಿಷ. ಪ್ರಾಕ್ಟೀಸಿನಲ್ಲಿ ಆಗುವ ಕನ್ಕಷನ್ ಅರ್ಧಕ್ಕಿಂತ ಕೆಳಗಿಳಿಯಿತು. ಆಟ ಹಾಳಾಗಲಿಲ್ಲ, ಸ್ಟ್ಯಾಂಡುಗಳು ಖಾಲಿಯಾಗಲಿಲ್ಲ.

ಆಟವನ್ನು ಮುಟ್ಟಬೇಡಿ ಎನ್ನುವವರಿಗೆ ಈ ಆಟದ ಚರಿತ್ರೆಯೇ ಉತ್ತರ. 1905ರ ಒಂದೇ ಸೀಸನ್ನಿನಲ್ಲಿ 18 ಮಂದಿ ಸತ್ತರು ಎಂದು ಪತ್ರಿಕೆಗಳು ಲೆಕ್ಕ ಕೊಟ್ಟಿದ್ದವು. ಅಧ್ಯಕ್ಷ ಥಿಯೋಡರ್ ರೂಸ್‌ವೆಲ್ಟ್ ಹಾರ್ವರ್ಡ್, ಯೇಲ್, ಪ್ರಿನ್ಸ್‌ಟನ್‌ನವರನ್ನು ಶ್ವೇತಭವನಕ್ಕೆ ಕರೆಸಿ ಮಾತಾಡಿದರು. ಚೆಂಡನ್ನು ಮುಂದಕ್ಕೆ ಎಸೆಯಬಹುದು ಎಂಬ ನಿಯಮ ಬಂದದ್ದು ಮರುವರ್ಷ. ಇವತ್ತು ಜನ ಚಪ್ಪಾಳೆ ತಟ್ಟುವ ಉದ್ದನೆಯ ಪಾಸ್ ಹುಟ್ಟಿದ್ದು ಹಾಗೆ. 1968ರಲ್ಲಿ ಮತ್ತೆ ತಲೆ, ಕುತ್ತಿಗೆಗೆ ಪೆಟ್ಟಾಗಿ ಮತ್ತಿತರ ನೇರ ಕಾರಣಗಳಿಂದ 36 ಸಾವು. 1976ರಲ್ಲಿ ತಲೆಯನ್ನೇ ಮುಂದೆ ಮಾಡಿ ಗುದ್ದುವುದನ್ನು ನಿಷೇಧಿಸಿದರು, ಆಮೇಲಿನ ವರ್ಷಗಳಲ್ಲಿ ಹೆಲ್ಮೆಟ್ಟಿಗೆ ಗುಣಮಟ್ಟ ಕಡ್ಡಾಯವಾಯಿತು. 1990ರಲ್ಲಿ ಅಂಥ ಸಾವು ಒಂದೂ ಇರಲಿಲ್ಲ.

ಈಗ ನಿಮ್ಮೆಲ್ಲರ ಮನಸ್ಸಿನಲ್ಲಿರುವ ಸಿ.ಟಿ.ಇ. ವಿಷಯ, ಅಂದರೆ ತಲೆಗೆ ಪದೇ ಪದೇ ಪೆಟ್ಟು ಬಿದ್ದವರಲ್ಲಿ ಕಾಣುವ ಮಿದುಳಿನ ಕಾಯಿಲೆ. ಪಿಟ್ಸ್‌ಬರ್ಗ್ ಸ್ಟೀಲರ್ಸ್ ತಂಡದ ಮೈಕ್ ವೆಬ್‌ಸ್ಟರ್ 2002ರಲ್ಲಿ ಐವತ್ತನೇ ವಯಸ್ಸಿಗೆ ತೀರಿಕೊಂಡಾಗ, ನೈಜೀರಿಯಾ ಮೂಲದ ಶವಪರೀಕ್ಷಾ ವೈದ್ಯ ಬೆನೆಟ್ ಒಮಾಲು ಅವರ ಮಿದುಳನ್ನು ಪರೀಕ್ಷಿಸಿ, ಟಾವ್ ಎಂಬ ಪ್ರೋಟೀನ್ ಅಸಹಜವಾಗಿ ಕೂಡಿಕೊಂಡಿರುವುದನ್ನು ಕಂಡರು. ವರ್ಷಗಟ್ಟಲೆ ತಲೆಗೆ ಬಿದ್ದ ಪೆಟ್ಟುಗಳ ಫಲ ಅದು. ಸತ್ತ ಮೇಲೆ ಮಿದುಳನ್ನು ಸೂಕ್ಷ್ಮದರ್ಶಕದಲ್ಲಿ ನೋಡಿಯೇ ಇದನ್ನು ಖಚಿತಪಡಿಸಬೇಕು. 2017ರಲ್ಲಿ ಬೋಸ್ಟನ್ ವಿಶ್ವವಿದ್ಯಾಲಯದ ಆನ್ ಮಕ್ಕೀ ಮತ್ತು ಸಂಗಡಿಗರು 202 ಆಟಗಾರರ ಮಿದುಳುಗಳ ವರದಿ ಕೊಟ್ಟರು. ವೃತ್ತಿಪರ ಎನ್.ಎಫ್.ಎಲ್. ಆಟಗಾರರು 111, ಅವರಲ್ಲಿ 110 ಮಂದಿಗೆ ಸಿ.ಟಿ.ಇ. ಇತ್ತು. ಹೈಸ್ಕೂಲಿನವರೆಗೆ ಮಾತ್ರ ಆಡಿದವರು 14, ಅವರಲ್ಲಿ 3 ಮಂದಿಗೆ. ವಾಟ್ಸ್ಯಾಪ್ ಗುಂಪುಗಳಲ್ಲಿ ‘ಆಡಿದವರಲ್ಲಿ ನೂರಕ್ಕೆ ತೊಂಬತ್ತೊಂಬತ್ತು ಮಂದಿಗೆ ಮಿದುಳಿನ ಕಾಯಿಲೆ’ ಎಂದು ಓಡಾಡಿದ್ದು ಇದೇ ಲೆಕ್ಕ. ಅದು ಹಾಗಲ್ಲ. ಏನೋ ತೊಂದರೆ ಕಂಡ ಕುಟುಂಬಗಳೇ ಹೆಚ್ಚಾಗಿ ಮಿದುಳನ್ನು ದಾನ ಕೊಟ್ಟಿರುತ್ತವೆ. ಆದ್ದರಿಂದ ಆಡಿದ ಎಲ್ಲರಿಗೂ ಈ ಪ್ರಮಾಣವನ್ನು ಅನ್ವಯಿಸಲು ಬರುವುದಿಲ್ಲ. ನಾನು ಹೆಚ್ಚು ಗಮನ ಕೊಡುವುದು ಅದೇ ಗುಂಪಿನ ಇನ್ನೊಂದು ಲೆಕ್ಕಕ್ಕೆ: ಆಡಿದ ಒಂದೊಂದು ವರ್ಷಕ್ಕೂ ಸಿ.ಟಿ.ಇ. ಸಂಭವ ಸುಮಾರು ಶೇಕಡ 30ರಷ್ಟು ಏರುತ್ತದೆ. ಎಷ್ಟು ಕನ್ಕಷನ್ ಆಗಿತ್ತು ಎನ್ನುವುದಕ್ಕಿಂತ ಎಷ್ಟು ವರ್ಷ ಪೆಟ್ಟು ತಿಂದರು ಎನ್ನುವುದು ಮುಖ್ಯ. ಆರಂಭಿಸುವ ವಯಸ್ಸನ್ನು ಹದಿನಾಲ್ಕಕ್ಕೆ ತಳ್ಳಿ ಎಂದು ನಾನು ಹೇಳುವುದಕ್ಕೆ ದೊಡ್ಡ ಕಾರಣ ಇದೇ. ಏಳಕ್ಕೆ ಶುರುಮಾಡಿದವನು ಹೈಸ್ಕೂಲಿಗೆ ಬರುವಷ್ಟರಲ್ಲಿ ಏಳು ವರ್ಷದ ಪೆಟ್ಟು ತಿಂದಿರುತ್ತಾನೆ. ಆ ಏಳು ವರ್ಷ ಸೊಂಟದ ಪಟ್ಟಿ ಕಿತ್ತುಕೊಳ್ಳುವ ಫ್ಲ್ಯಾಗ್ ಫುಟ್‌ಬಾಲ್ ಆಡಲಿ. ಓಟ, ಎಸೆತ, ಹಿಡಿತ, ತಂತ್ರ ಎಲ್ಲ ಬರುತ್ತದೆ. 2028ರ ಲಾಸ್ ಏಂಜಲೀಸ್ ಒಲಿಂಪಿಕ್ಸ್‌ನಲ್ಲಿ ಅದಕ್ಕೆ ಪದಕವೂ ಇದೆ.

ಇನ್ನು ಸಭಿಕರ ಪ್ರಶ್ನೆಗಳು.

‘ಪೆಟ್ಟು ಬಿದ್ದ ರಾತ್ರಿ ಮಲಗಲು ಬಿಡಬಾರದು ಅಂತಾರಲ್ಲ?’ ಬಿಡಬಹುದು, ನಿದ್ದೆ ಒಳ್ಳೆಯದು. ಆದರೆ ತಲೆನೋವು ಏರುತ್ತಲೇ ಹೋದರೆ, ಮತ್ತೆ ಮತ್ತೆ ವಾಂತಿಯಾದರೆ, ಫಿಟ್ಸ್ ಬಂದರೆ, ಮಾತು ತೊದಲಿದರೆ, ಕೈಕಾಲಲ್ಲಿ ಶಕ್ತಿ ಕುಂದಿದರೆ, ಕಣ್ಣಿನ ಒಂದು ಪಾಪೆ ಇನ್ನೊಂದಕ್ಕಿಂತ ದೊಡ್ಡದಾಗಿ ಕಂಡರೆ, ಗೊಂದಲ ಹೆಚ್ಚುತ್ತಾ ಹೋದರೆ, ಎಬ್ಬಿಸಿದರೂ ಏಳದಿದ್ದರೆ ಒಂದು ನಿಮಿಷವೂ ಕಾಯದೆ 911ಕ್ಕೆ ಫೋನ್ ಮಾಡಿ.

‘ಕತ್ತಲ ಕೋಣೆಯಲ್ಲಿ ಎಷ್ಟು ದಿನ ಇಡಬೇಕು?’ ಇಡಲೇಬೇಡಿ. ಅದು ಹಳೆಯ ಕ್ರಮ. ಮೊದಲ ಒಂದೆರಡು ದಿನ ಆರಾಮವಾಗಿರಲಿ, ಫೋನು, ವಿಡಿಯೊ ಗೇಮ್ ಕಡಿಮೆ ಇರಲಿ. ಆಮೇಲೆ ನಡೆದಾಡಲಿ, ಲಕ್ಷಣ ತೀರಾ ಹೆಚ್ಚಾಗದಷ್ಟು ಸೈಕಲ್ ತುಳಿಯಲಿ. ಬಫಲೋದ ಜಾನ್ ಲೆಡ್ಡಿ ತಂಡ 2019ರಲ್ಲಿ ತೋರಿಸಿದ ಹಾಗೆ, ಹೀಗೆ ಹಗುರವಾದ ವ್ಯಾಯಾಮ ಮಾಡಿದ ಹದಿಹರೆಯದವರು 13 ದಿನಕ್ಕೆ ಚೇತರಿಸಿಕೊಂಡರೆ, ಬರೀ ಮೈ ಸಡಿಲಿಸುವ ವ್ಯಾಯಾಮ ಮಾಡಿದವರಿಗೆ 17 ದಿನ ಬೇಕಾಯಿತು. ಮೊದಲು ತರಗತಿ, ಆಮೇಲೆ ಮೈದಾನ. ಮೈದಾನಕ್ಕೆ ಮರಳುವುದು ಆರು ಹಂತಗಳಲ್ಲಿ, ಒಂದೊಂದಕ್ಕೂ ಕನಿಷ್ಠ ಒಂದು ದಿನ. ಇಲ್ಲಿ ನಮ್ಮವರಿಗೆ ಒಂದು ಕಿವಿಮಾತು: ಪರೀಕ್ಷೆ ಇದೆ, ಗ್ರೇಡ್ ಹೋಗುತ್ತದೆ ಎಂದು ಎರಡನೇ ದಿನವೇ ಪುಸ್ತಕದ ಮುಂದೆ ಕೂರಿಸಬೇಡಿ. ಶಾಲೆಗೆ ವೈದ್ಯರ ಪತ್ರ ಕೊಟ್ಟರೆ ಪರೀಕ್ಷೆ ಮುಂದೂಡುತ್ತಾರೆ.

‘ಕ್ರಿಕೆಟ್ಟೇ ವಾಸಿ ಅಲ್ವಾ ಸರ್?’ ಡಿಕ್ಕಿ ಕಡಿಮೆ, ನಿಜ. ಆದರೆ 2019ರ ಲಾರ್ಡ್ಸ್ ಟೆಸ್ಟ್ ನೆನಪಿಸಿಕೊಳ್ಳಿ. ಆರ್ಚರ್ ಎಸೆದ ಬೌನ್ಸರ್ ಸ್ಟೀವ್ ಸ್ಮಿತ್ ಕುತ್ತಿಗೆಗೆ ಬಡಿಯಿತು. ಪರೀಕ್ಷೆ ಪಾಸಾಗಿ ಮತ್ತೆ ಬಂದು ಬ್ಯಾಟ್ ಮಾಡಿದರು. ಮರುದಿನ ಬೆಳಿಗ್ಗೆ ಲಕ್ಷಣ ಕಾಣಿಸಿಕೊಂಡು, ಲಬುಶೇನ್ ಟೆಸ್ಟ್ ಕ್ರಿಕೆಟ್ಟಿನ ಮೊದಲ ಕನ್ಕಷನ್ ಬದಲಿ ಆಟಗಾರರಾದರು. ಆಗ ಚೆನ್ನಾಗಿದ್ದವನು ಬೆಳಗಾಗುವಷ್ಟರಲ್ಲಿ ಹಾಗಿರಬೇಕೆಂದಿಲ್ಲ. ಹೆಣ್ಣುಮಕ್ಕಳ ಪೋಷಕರೂ ಇದನ್ನು ತಮ್ಮದಲ್ಲ ಎಂದುಕೊಳ್ಳಬೇಡಿ. ಹುಡುಗಿಯರ ಸಾಕರ್‌ನಲ್ಲಿ ಕನ್ಕಷನ್ ಕಡಿಮೆಯೇನಲ್ಲ. ಹತ್ತು ವರ್ಷದವರು ಮತ್ತು ಅದಕ್ಕಿಂತ ಚಿಕ್ಕವರು ಚೆಂಡಿಗೆ ತಲೆ ಕೊಡಬಾರದು ಎಂದು ಇಲ್ಲಿಯ ಸಾಕರ್ ಸಂಸ್ಥೆ 2015ರಲ್ಲೇ ಹೇಳಿದೆ.

ಕೊನೆಯ ಪ್ರಶ್ನೆ ಒಬ್ಬ ತಂದೆಯವರದು, ಎದ್ದು ನಿಲ್ಲದೆ ಕೂತಲ್ಲೇ ಕೇಳಿದರು. ‘ನನ್ನ ಮಗ ಎಂಟನೇ ವಯಸ್ಸಿನಿಂದ ಆಡಿದ್ದಾನೆ, ಈಗ ಕಾಲೇಜಿನಲ್ಲಿದ್ದಾನೆ, ಆಟ ಬಿಟ್ಟಿದ್ದಾನೆ. ಇತ್ತೀಚೆಗೆ ಮಂಕಾಗಿದ್ದಾನೆ. ಸಿ.ಟಿ.ಇ. ಇರಬಹುದಾ? ಸ್ಕ್ಯಾನ್ ಮಾಡಿಸಲಾ?’

ಅವರಿಗೆ ಹೇಳಿದ್ದನ್ನು ಇಲ್ಲಿಯೂ ಬರೆಯುತ್ತೇನೆ, ಇದೇ ಪ್ರಶ್ನೆಯನ್ನು ಒಳಗೇ ಇಟ್ಟುಕೊಂಡವರು ಇನ್ನೂ ಇರಬಹುದು. ಅದನ್ನು ಖಚಿತಪಡಿಸುವ ಸ್ಕ್ಯಾನ್ ಇಲ್ಲ. 2023ರಲ್ಲಿ ಮಕ್ಕೀ ತಂಡ ಮೂವತ್ತರೊಳಗೆ ತೀರಿಕೊಂಡ 152 ಕ್ರೀಡಾಪಟುಗಳ ಮಿದುಳು ನೋಡಿ, 63 ಮಂದಿಯಲ್ಲಿ ಸಿ.ಟಿ.ಇ. ಕಂಡಿತು. ಆದರೆ ಖಿನ್ನತೆ, ಮರೆವು, ಸಿಟ್ಟು ಇವು ಸಿ.ಟಿ.ಇ. ಇದ್ದವರಲ್ಲೂ ಇಲ್ಲದವರಲ್ಲೂ ಹೆಚ್ಚುಕಡಿಮೆ ಒಂದೇ ರೀತಿ ಇದ್ದವು. ಅಂದರೆ ಹುಡುಗ ಮಂಕಾಗಿದ್ದಾನೆ ಎಂದ ಮಾತ್ರಕ್ಕೆ ಮಿದುಳು ಕೆಟ್ಟಿತು ಎಂದು ತೀರ್ಮಾನಿಸಲು ಆಗುವುದಿಲ್ಲ. ಖಿನ್ನತೆಗೆ ಚಿಕಿತ್ಸೆ ಇದೆ, ನಿದ್ದೆಗೆ ಇದೆ, ಬಿಡದ ತಲೆನೋವಿಗೂ ಇದೆ. ‘ನನಗೆ ವಾಸಿಯಾಗದ ಕಾಯಿಲೆ ಬಂದಿದೆ’ ಎಂದು ಅವನು ಅಂತರ್ಜಾಲದಲ್ಲಿ ಓದಿಕೊಂಡು ಒಳಗೊಳಗೇ ಕೊರಗುತ್ತಿದ್ದರೆ, ಅದು ತಕ್ಷಣದ ಅಪಾಯ. ಇವತ್ತೇ ಫೋನ್ ಮಾಡಿ, ಸಾಧ್ಯವಾದರೆ ಹೋಗಿ ಬನ್ನಿ. ಊಟ, ಓದು, ಗ್ರೇಡ್ ಯಾವುದನ್ನೂ ಕೇಳದೆ ನೇರವಾಗಿ ‘ಬದುಕುವುದೇ ಬೇಡ ಅನ್ನಿಸ್ತಿದೆಯಾ ಮಗಾ’ ಎಂದು ಕೇಳಿ. ಹಾಗೆ ಕೇಳಿದರೆ ಇಲ್ಲದ ಯೋಚನೆ ಹುಟ್ಟುತ್ತದೆ ಎಂಬ ಹೆದರಿಕೆ ಬೇಡ. ಹೌದು ಎಂದರೆ 988ಕ್ಕೆ ಕರೆ ಮಾಡಿ, ಹಗಲು ರಾತ್ರಿ ಯಾವಾಗ ಬೇಕಾದರೂ ಮಾತಾಡುವವರು ಅಲ್ಲಿರುತ್ತಾರೆ, ಅವನನ್ನು ಒಬ್ಬನೇ ಬಿಡಬೇಡಿ. ಇಲ್ಲ ಎಂದರೂ ಈ ವಾರವೇ ಅವನ ಕಾಲೇಜಿನ ಆರೋಗ್ಯ ಕೇಂದ್ರದಲ್ಲಿ ಅಪಾಯಿಂಟ್‌ಮೆಂಟ್ ತೆಗೆದುಕೊಳ್ಳಿ. ಆಟ ಆಡಿದ ವರ್ಷಗಳು, ಬಿದ್ದ ಪೆಟ್ಟುಗಳು ನಿಮಗೆ ನೆನಪಿದ್ದಷ್ಟನ್ನು ಒಂದು ಹಾಳೆಯಲ್ಲಿ ಬರೆದು ಅವನ ಕೈಗೆ ಕೊಡಿ, ವೈದ್ಯರಿಗೆ ಅದು ಬೇಕಾಗುತ್ತದೆ.